ಪರದೆಯ ಮೇಲೆ ಆರು ಸೊನ್ನೆ

ನನ್ನ ಅಣ್ಣನಿಗೆ ಕಣ್ಣು ಕಾಣುವುದಿಲ್ಲ ಎಂದು ನನಗೆ ಗೊತ್ತಾದದ್ದು ವಾಡಿಯ ಒಂದು ವಿಡಿಯೋ ಗೇಮ್ ಅಂಗಡಿಯಲ್ಲಿ. ನಾವಿಬ್ಬರೂ ಒಂದೇ ಮನೆಯಲ್ಲಿದ್ದೆವು. ದಿನಾ ಎದುರುಬದುರು ಕೂತು ರೊಟ್ಟಿ ತಿನ್ನುತ್ತಿದ್ದೆವು. ಆದರೂ ಮನೆಯಲ್ಲಿ ತಿಳಿಯದ್ದು ಯಾರದೋ ಅಂಗಡಿಯಲ್ಲಿ, ಎಂಟು ಜನರ ನಡುವೆ ತಿಳಿಯಬೇಕಾಯಿತು. ಹೇಳಿಕೊಳ್ಳಲು ನಾಚಿಕೆಯಾಗುತ್ತದೆ. ಹೇಳದಿದ್ದರೆ ಮುಂದೆ ಆದದ್ದಕ್ಕೆ ತಲೆಬುಡ ಇರುವುದಿಲ್ಲ.

ಎಂಬತ್ತರ ದಶಕದ ನಡುವಿನ ಮಾತಿದು. ನಾನು ಶಹಾಬಾದಿನಲ್ಲಿ ಬೋರ್ಡು ಬರೆಯುವ ಪೇಂಟರ್. ಕನ್ನಡ, ಉರ್ದು, ಇಂಗ್ಲಿಷ್ ಮೂರೂ ಬರೆಯುತ್ತಿದ್ದೆ. ಸೇಡಂ ದಾಟಿ ಗಡಿಯ ಕಡೆ ಹೋದರೆ ತೆಲುಗನ್ನೂ ನೋಡಿಕೊಂಡು ಬರೆದುಬಿಡುತ್ತಿದ್ದೆ. ಚಿತ್ತಾಪುರದ ಲಾಡ್ಜು, ಸುಲೇಪೇಟದ ಕಿರಾಣಿ ಅಂಗಡಿ, ಚಿಂಚೋಳಿಯ ಟೇಲರು, ಯಾರು ಕರೆದರೂ ಬ್ರಷ್ಷಿನ ಡಬ್ಬಿ ಹಿಡಿದು ಬಸ್ಸು ಹತ್ತುತ್ತಿದ್ದೆ. ನನ್ನ ಅಕ್ಷರದ ಬಗ್ಗೆ ನನಗೆ ಜಂಬ ಇತ್ತು, ಅದನ್ನು ಮುಚ್ಚಿಡುವುದಿಲ್ಲ. ಅಕ್ಷರಕ್ಕೆ ಮೂರು ಬಣ್ಣ ಕೊಡದೆ ನನ್ನ ಕೈ ಸುಮ್ಮನಾಗುತ್ತಿರಲಿಲ್ಲ. ಕೆಂಪು ಅಕ್ಷರ, ಅದಕ್ಕೆ ಹಳದಿ ಅಂಚು, ಅಂಚಿಗೆ ನೀಲಿ ನೆರಳು, ನೆರಳಿನೊಳಗೆ ಮತ್ತೆ ಒಂದು ಬಿಳಿ ಗೆರೆ. ಬೇರೆ ಪೇಂಟರುಗಳು ದಿನಕ್ಕೆ ಎರಡು ಬೋರ್ಡು ಬರೆದರೆ ನಾನು ಎರಡು ದಿನಕ್ಕೆ ಒಂದು ಬರೆಯುತ್ತಿದ್ದೆ, ಮೇಲಾಗಿ ಅವರನ್ನೆಲ್ಲ ಸುಣ್ಣ ಬಳಿಯುವವರು ಎಂದು ಹೀಯಾಳಿಸುತ್ತಿದ್ದೆ.

ಅಣ್ಣ ನನಗಿಂತ ಹನ್ನೆರಡು ವರ್ಷ ದೊಡ್ಡವನು. ಅಪ್ಪ ಅವ್ವ ಹೋದ ಮೇಲೆ ನನ್ನನ್ನು ಬೆಳೆಸಿದವನು ಅವನೇ. ತಾನು ಮದುವೆಯಾಗಲಿಲ್ಲ, ನನ್ನ ಮದುವೆ ಮಾಡಿ, ನಮ್ಮ ಜೊತೆಗೇ ಉಳಿದ. ಊರ ಹೊರಗೆ ಸುಣ್ಣದ ಕಲ್ಲಿನ ಒಂದು ಗಣಿಯಲ್ಲಿ ಅವನ ಕೆಲಸ. ಮೊದಲು ಸುತ್ತಿಗೆ ಹಿಡಿಯುತ್ತಿದ್ದ. ಐವತ್ತು ದಾಟಿದ ಮೇಲೆ ಗುತ್ತೇದಾರರು ಅವನಿಗೆ ಬಾವುಟದ ಕೆಲಸ ಕೊಟ್ಟರು. ಬಂಡೆಗೆ ತೂತು ಕೊರೆದು ಮದ್ದು ತುಂಬಿ ಸಿಡಿಸುವುದಕ್ಕೆ ನಮ್ಮ ಕಡೆ ಸುರಂಗ ಹಾರಿಸುವುದು ಅನ್ನುತ್ತಾರೆ. ದಿನಾ ಮಧ್ಯಾಹ್ನ ಒಂದು ಗಂಟೆಗೆ ಸುರಂಗ. ಅದಕ್ಕೆ ಮೊದಲು ಅಣ್ಣ ದಿಬ್ಬದ ಮೇಲೆ ನಿಂತು ಸುತ್ತಲೂ ನೋಡಬೇಕು. ಗಣಿಯ ಪಕ್ಕದ ಗಾಡಿದಾರಿಯಲ್ಲಿ ಯಾರಾದರೂ ಇದ್ದರೆ ಕೆಂಪು ಬಾವುಟ, ಇಲ್ಲದಿದ್ದರೆ ಸೀಟಿ ಊದಿ ಹಸಿರು ಬಾವುಟ. ಹಸಿರು ಕಂಡರೆ ಕೆಳಗಿನವನು ಬತ್ತಿಗೆ ಬೆಂಕಿ ಇಟ್ಟು ಓಡುತ್ತಾನೆ. ಅಣ್ಣನ ಕೆಲಸ ಅಂದರೆ ನೋಡುವುದು, ಅಷ್ಟೇ.

ಭಾನುವಾರ ಅವನಿಗೆ ರಜೆ. ಅಂದು ನನ್ನ ಜೊತೆ ಬಂದು ನಿಚ್ಚಣಿಕೆ ಹಿಡಿಯುತ್ತಿದ್ದ. ಬೋರ್ಡು ಮುಗಿದ ಮೇಲೆ ಅವನದೊಂದು ಪರೀಕ್ಷೆ ಇರುತ್ತಿತ್ತು. ಇಪ್ಪತ್ತೈದು ಹೆಜ್ಜೆ ಎಣಿಸುತ್ತಾ ದೂರ ಹೋಗಿ, ತಿರುಗಿ ನಿಂತು, ಬರೆದದ್ದನ್ನು ಗಟ್ಟಿಯಾಗಿ ಓದುತ್ತಿದ್ದ. ಅವನು ಓದದೆ ನಾನು ಬ್ರಷ್ಷು ತೊಳೆಯುತ್ತಿರಲಿಲ್ಲ. ಮೊದಲೆಲ್ಲ "ಓದಾಕ ಬರವಲ್ದು, ಒರಸು" ಎಂದು ಅಲ್ಲಿಂದಲೇ ಕೂಗುತ್ತಿದ್ದ, ನಾನು ಬೈದುಕೊಳ್ಳುತ್ತಾ ಒರೆಸುತ್ತಿದ್ದೆ. ಈಚಿನ ನಾಲ್ಕು ವರ್ಷಗಳಲ್ಲಿ ಒಂದು ಸಲವೂ ಒರೆಸುವ ಪ್ರಸಂಗ ಬಂದಿರಲಿಲ್ಲ. ಹೆಚ್ಚೆಂದರೆ "ಆ ಕ್ಷ ಒಂಚೂರು ಗಿಜಿಬಿಜಿ ಆಗ್ಯದ ತಮ್ಮಾ, ಉಳಿದದ್ದು ಭಾಳ ಛಲೋ ಅದ" ಅನ್ನುತ್ತಿದ್ದ. ನನ್ನ ಕೈ ಪಳಗಿತು ಎಂದುಕೊಂಡಿದ್ದೆ.

ವಾಡಿ ಸ್ಟೇಷನ್ನಿನ ಹೊರಗೆ ಬಾಡಿಗೆ ಸೈಕಲ್ ಅಂಗಡಿ ಇಟ್ಟಿದ್ದ ಒಬ್ಬರನ್ನು ಎಲ್ಲರೂ ಚಾಚಾ ಎಂದು ಕರೆಯುತ್ತಿದ್ದೆವು. ಅವರು ಆ ವರ್ಷ ಹೈದರಾಬಾದಿನಿಂದ ಒಂದು ಹಳೆಯ ವಿಡಿಯೋ ಗೇಮ್ ಮಷೀನು ತಂದರು. ಕಪಾಟಿನಷ್ಟು ಎತ್ತರ, ಎದೆಮಟ್ಟದಲ್ಲಿ ಟೀವಿಯಂಥ ಪರದೆ, ಕೆಳಗೊಂದು ಹಿಡಿಕೆ, ಒಂದು ಗುಂಡಿ. ನಾಣ್ಯ ಹಾಕಿದರೆ ವಿಮಾನ ಹಾರುತ್ತದೆ, ಗುಂಡಿ ಒತ್ತಿದರೆ ಗುಂಡು ಹೊಡೆಯುತ್ತದೆ. ವಾಡಿಯಲ್ಲಿ ಗಾಡಿ ಬದಲಾಯಿಸಲು ಇಳಿದವರಿಗೆ ಮೂರು ನಾಲ್ಕು ತಾಸು ಬೇರೆ ಕೆಲಸ ಇರುವುದಿಲ್ಲ. ಅವರಿಗೋಸ್ಕರ ತಂದದ್ದು. ಬಂದವರು ಸ್ಟೇಷನ್ನಿನ ಹಮಾಲರು, ಕ್ಯಾಂಟೀನಿನವರು, ಸಿಮೆಂಟ್ ಲಾರಿಯ ಡ್ರೈವರುಗಳು. ದಿನಾ ಜಗಳ.

ಚಾಚಾ ನನಗೆ ಹೇಳಿ ಕಳಿಸಿದರು. ಹೋದೆ.

"ಪೇಂಟರ್ ಸಾಬ್, ಮಷೀನ್ ಛಲೋ ಅದ. ಅಕ್ಷರ ಕಾಣವಲ್ವು," ಎಂದರು. "ಮ್ಯಾಲ ನಂಬರ್ ಬರ್ತದ, ಮೂರೋ ಎಂಟೋ ತಿಳಿಯಂಗಿಲ್ಲ. ಒಬ್ಬಾಂವ ನಾ ಗೆದ್ದೆ ಅಂತಾನ, ಇನ್ನೊಬ್ಬಾಂವ ಕಾಲರ್ ಹಿಡೀತಾನ. ಏನರ ಮಾಡ್ರಿ."

"ಮಷೀನಿನ ಅಕ್ಷರ ನಾ ಹ್ಯಾಂಗ ಬರೀಲಿ ಚಾಚಾ? ಅದು ಒಳಗಿಂದ ಬರ್ತದ," ಎಂದೆ.

"ಬರೀಬ್ಯಾಡ್ರಿ. ಕಾಣಂಗ ಮಾಡ್ರಿ."

ಆ ಮಾತು ನನ್ನನ್ನು ಕೆಣಕಿದಂತಾಯಿತು. ಒಂದು ಸ್ಟೂಲು ಹಾಕಿಕೊಂಡು ಮಷೀನಿನ ಮುಂದೆ ಅರ್ಧ ದಿನ ಕೂತೆ. ಆಟ ಆಡಲಿಲ್ಲ, ಅಕ್ಷರ ಮಾತ್ರ ನೋಡಿದೆ. ಮಸುಕು ನೀಲಿ ಆಕಾಶ, ಅದರ ಮೇಲೆ ತೆಳು ಹಳದಿ ಅಂಕಿ. ಪರದೆ ಹಳೆಯದಾಗಿ ಅಂಕಿಗಳ ಅಂಚು ಒಡೆದಿತ್ತು. ಬಾಗಿಲಿನ ಬೆಳಕು ನೇರ ಗಾಜಿನ ಮೇಲೆ ಬಿದ್ದು, ಆಡುವವನಿಗೆ ತನ್ನದೇ ಮುಖ ಕಾಣುತ್ತಿತ್ತು. ಮೇಲೆ ವಾಡಿಯ ಸಿಮೆಂಟಿನ ಧೂಳು. ಆ ಅಂಕಿ ಬರೆದ ಪುಣ್ಯಾತ್ಮ ಎಲ್ಲಿಯವನೋ, ಇಂಥ ಜಾಗದಲ್ಲಿ ಯಾರಾದರೂ ಓದಬೇಕಾಗುತ್ತದೆ ಎಂದು ಅವನಿಗೆ ಹೊಳೆದಿರಲಿಕ್ಕಿಲ್ಲ. ಮನಸ್ಸಿನಲ್ಲೇ ಅವನನ್ನು ಸಾಕಷ್ಟು ಬೈದೆ.

ಮರುವಾರದಿಂದ ಕೆಲಸ ಹಚ್ಚಿದೆ. ಮೊದಲು ಮಷೀನನ್ನು ಬಾಗಿಲಿಗೆ ಅಡ್ಡ ತಿರುಗಿಸಿದೆವು. ಎಣ್ಣೆಯ ಡಬ್ಬಿ ಕತ್ತರಿಸಿ ಪರದೆಗೆ ತಗಡಿನ ಛಾವಣಿ ಮಾಡಿ, ಒಳಮೈಗೆ ಶಾಲೆಯ ಕರಿಹಲಗೆಗೆ ಬಳಿಯುವ ಮಂಕು ಕಪ್ಪು ಬಳಿದೆ. ಇಂಗ್ಲಿಷಿನಲ್ಲಿ ಬರುತ್ತಿದ್ದ ನಾಲ್ಕು ಮಾತುಗಳನ್ನು ಪಕ್ಕದ ಹಲಗೆಯ ಮೇಲೆ ಕನ್ನಡದಲ್ಲೂ ಉರ್ದುವಿನಲ್ಲೂ ಬರೆದೆ: ನಾಣ್ಯ ಹಾಕಿರಿ, ತಯಾರಾಗಿರಿ, ಇನ್ನೊಂದು ವಿಮಾನ ಉಳಿದಿದೆ, ಆಟ ಮುಗಿಯಿತು. ಉಳಿದದ್ದು ಅಂಕಿ. ಮದುವೆ ಮನೆಯ ಟ್ಯೂಬ್‌ಲೈಟಿಗೆ ಸುತ್ತುವ ಬಣ್ಣದ ತೆಳು ಹಾಳೆ ತಂದು, ಅಂಕಿ ಬರುವ ಕಡೆ ಗಾಜಿಗೆ ಪಟ್ಟಿ ಅಂಟಿಸಿ ನೋಡಿದೆ. ಕೆಂಪು ಹಚ್ಚಿದರೆ ಎಲ್ಲವೂ ರಕ್ತದ ಬಣ್ಣವಾಯಿತು. ಹಸಿರಿನಲ್ಲಿ ಅಂಕಿ ಆಕಾಶ ಎರಡೂ ಒಂದಾದವು. ಕೊನೆಗೆ ಹಳದಿ ಹಚ್ಚಿದೆ. ನೀಲಿ ಆಕಾಶ ಕಪ್ಪಗಾಗಿ ಹಿಂದೆ ಸರಿಯಿತು, ಹಳದಿ ಅಂಕಿಗಳು ಎದ್ದು ಮುಂದೆ ಬಂದವು.

ನನಗೆ ಖುಷಿಯೂ ಆಯಿತು, ಒಂದು ತರಹ ಕಸಿವಿಸಿಯೂ ಆಯಿತು. ಅಂಕಿಗೆ ನಾನು ಏನೂ ಮಾಡಿರಲಿಲ್ಲ. ಅಂಚಿಲ್ಲ, ನೆರಳಿಲ್ಲ. ಅದರ ಹಿಂದಿನದನ್ನು ಸುಮ್ಮನಾಗಿಸಿದ್ದೆ, ಅಷ್ಟೇ. ಇಷ್ಟು ವರ್ಷ ಅಕ್ಷರಕ್ಕೆ ಅಂಗಿಯ ಮೇಲೆ ಅಂಗಿ ತೊಡಿಸಿದ ನನಗೆ ಆ ವಿಷಯ ಚುಚ್ಚಿತು. ಆದರೂ ಒಪ್ಪಿಕೊಳ್ಳಲಿಲ್ಲ, ಇದು ಮಷೀನು, ಅದು ಕಲೆ ಎಂದು ಸಮಾಧಾನ ಹೇಳಿಕೊಂಡೆ.

ಭಾನುವಾರ ಅಣ್ಣನನ್ನು ವಾಡಿಗೆ ಕರೆದುಕೊಂಡು ಹೋದೆ. ಅವನು ಓದದ ಕೆಲಸ ನನ್ನ ಲೆಕ್ಕದಲ್ಲಿ ಮುಗಿದ ಕೆಲಸ ಆಗಿರಲಿಲ್ಲ. ಅಂಗಡಿ ಚಿಕ್ಕದು, ಇಪ್ಪತ್ತೈದು ಹೆಜ್ಜೆಗೆ ಜಾಗ ಇಲ್ಲ, ಹತ್ತು ಹೆಜ್ಜೆ ಎಣಿಸಿ ಗೋಡೆಗೆ ಬೆನ್ನು ಹಚ್ಚಿ ನಿಂತ. ಒಬ್ಬ ಹಮಾಲ ಆಡುತ್ತಿದ್ದ. ಸುತ್ತ ಆರೇಳು ಜನ. ಆಟದ ನಡುವೆ ಆ ಹಮಾಲ "ಬಾರಾ ಹಜಾರ್!" ಎಂದು ಕೂಗಿ ತೊಡೆ ತಟ್ಟಿಕೊಂಡ. ಹಿಂದೆಯೇ ವಿಮಾನ ಸಿಡಿಯಿತು. ಅವನು ಬೈಯುತ್ತಾ ಇನ್ನೊಂದು ನಾಣ್ಯ ಹಾಕಿದ.

"ಈಗ ಓದು ನೋಡೂಣು," ಎಂದೆ.

"ಭಾಳ ಛಲೋ ಕಾಣಾಕತ್ತದ," ಎಂದ ಅಣ್ಣ.

"ಛಲೋ ಅದ ಅಂತ ಕೇಳಿಲ್ಲ. ಎಷ್ಟದ ಹೇಳು."

ಅವನು ತಲೆಯನ್ನು ಸ್ವಲ್ಪ ವಾಲಿಸಿದ. "ಹನ್ನೆರಡು ಸಾವಿರ."

ಪರದೆಯ ಮೇಲೆ ಆರು ಸೊನ್ನೆಗಳಿದ್ದವು. ಹೊಸ ಆಟ, ಇನ್ನೂ ಒಂದು ಗುಂಡೂ ಹಾರಿರಲಿಲ್ಲ. ಆರು ಹಳದಿ ಸೊನ್ನೆ, ಕಪ್ಪು ಪಟ್ಟಿಯ ಮೇಲೆ, ಬಾಗಿಲಾಚೆ ನಿಂತವನಿಗೂ ಕಾಣುವಷ್ಟು ದಪ್ಪಗೆ.

ಎಲ್ಲರೂ ನಕ್ಕರು. ಚಾಚಾ ಕೂಡ ನಕ್ಕು, "ಅಣ್ಣಾರಿಗೆ ಇಂಗ್ಲಿಷ್ ನಂಬರ್ ಬರಂಗಿಲ್ಲ, ಬಿಡ್ರಿ" ಎಂದರು. ನಾನೂ ನಕ್ಕೆ. ಅಣ್ಣನೂ ನಕ್ಕ. ಅವನು ನಕ್ಕಾಗ ಅವನ ಕಣ್ಣು ಮಷೀನಿನ ಕಡೆ ಇರಲಿಲ್ಲ, ಮಷೀನಿನ ಪಕ್ಕದ ಖಾಲಿ ಗೋಡೆಯ ಕಡೆ ಇತ್ತು. ನನ್ನ ನಗು ಅಲ್ಲಿಗೆ ನಿಂತಿತು. ಇಂಗ್ಲಿಷ್ ಅಂಕಿ ಅವನಿಗೆ ಚೆನ್ನಾಗಿಯೇ ಬರುತ್ತಿತ್ತು. ನನಗೆ ಕಲಿಸಿದವನು ಅವನೇ.

ಸಂಜೆಯ ಪ್ಯಾಸೆಂಜರಿನಲ್ಲಿ ಶಹಾಬಾದಿಗೆ ಹಿಂತಿರುಗಿದೆವು. ನಾವು ಹತ್ತಿದ ಬೋಗಿ ಖಾಲಿ ಇತ್ತು. ಅಣ್ಣ ಕಿಟಕಿಯ ಕಂಬಿ ಮುಟ್ಟಿ ನೋಡಿ ಕೂತ. ಎಷ್ಟೋ ವರ್ಷದಿಂದ ಹಾಗೇ ಕೂರುತ್ತಿದ್ದನೇನೋ, ನಾನು ನೋಡಿದ್ದು ಅಂದು.

"ಎಷ್ಟು ದಿನ ಆಯ್ತು?" ಎಂದೆ.

"ಏನು?"

"ಅಣ್ಣಾ."

ಅವನು ಕಿಟಕಿಯ ಕಡೆ ಮುಖ ತಿರುಗಿಸಿದ. "ನಾಕು ವರ್ಷ," ಎಂದ. "ಮದಲು ನಡುವಷ್ಟೇ ಮಬ್ಬಾಯ್ತು. ಈಗ ಬರೇ ಬೆಳಕು ತಿಳೀತದ. ಗುಲ್ಬರ್ಗಾಕ್ಕ ಹೋಗಿ ತೋರಿಸಿದೆ. ನರ ಒಣಗ್ಯಾದ, ಏನೂ ಮಾಡಾಕ ಬರಂಗಿಲ್ಲ ಅಂದ್ರು."

"ಮತ್ತ ನನ್ನ ಬೋರ್ಡ್ ಹ್ಯಾಂಗ ಓದ್ತಿದ್ದಿ?"

"ನೀ ಬರಿಯಾಗ ಬಾಯಾಗ ಅಂತಿರ್ತಿ. ಒಂದೊಂದೇ ಅಕ್ಷರ. ಕೆಳಗ ನಿಚ್ಚಣಿಕಿ ಹಿಡಕೊಂಡು ನಾ ಕೇಳ್ತಿದ್ದೆ."

ನಿಜ. ಬರೆಯುವಾಗ ಪ್ರತಿ ಅಕ್ಷರವನ್ನೂ ಬಾಯಲ್ಲಿ ಅಂದುಕೊಳ್ಳುವುದು ನನ್ನ ರೂಢಿ; ಅಂದುಕೊಳ್ಳದಿದ್ದರೆ ಒತ್ತಕ್ಷರ ಬಿಟ್ಟುಹೋಗುತ್ತದೆ. "ಕ್ಷ ಗಿಜಿಬಿಜಿ ಆಗ್ಯದ ಅಂತಿದ್ದೆಲ್ಲ, ಅದು?" ಎಂದೆ.

"ಒಂದು ಅಕ್ಷರಕ್ಕ ನೀ ಭಾಳ ಹೊತ್ತು ತಗೊಂಡ್ರ, ಅದ್ರಾಗ ಏನರ ಹೊಲಸು ಮಾಡಿರ್ತಿ ಅಂತ ನನಗ ಗೊತ್ತಿಲ್ಲೇನು?"

ಬೇರೆ ದಿನವಾಗಿದ್ದರೆ ಇಬ್ಬರೂ ಬಿದ್ದು ಬಿದ್ದು ನಗುತ್ತಿದ್ದೆವು. ಆಮೇಲೆ ನಾನು ಗಣಿಯ ವಿಷಯ ಎತ್ತಿದೆ. ಕಣ್ಣಿಲ್ಲದೆ ಬಾವುಟ ಹೇಗೆ ಎತ್ತುತ್ತೀ ಎಂದೆ.

"ಹಸಿರು ಬಾವುಟದ ಕೋಲಿಗೆ ದಾರ ಸುತ್ತಿಟ್ಟೀನಿ. ಉಳಿದದ್ದಕ್ಕ ಕಿವಿ ಅದಾವಲ್ಲ. ಗಾಡಿ ಬಂದ್ರ ಎತ್ತಿನ ಗಂಟಿ ಕೇಳ್ತದ. ಕುರಿ ಬಂದ್ರ ಕೇಳ್ತದ. ಹೆಣ್ಮಕ್ಕಳು ಮಾತಾಡ್ಕೋತನೇ ಬರ್ತಾರ. ನಾಕು ವರ್ಷದಾಗ ಒಂದು ಸರ್ತಿ ತಪ್ಪಿಲ್ಲ."

"ನಾಳಿ ನಾ ಗುತ್ತೇದಾರರಿಗೆ ಹೇಳ್ತೀನಿ."

"ಹೇಳಬ್ಯಾಡ." ಅವನು ನನ್ನ ಮೊಣಕೈ ಹುಡುಕಿ ಹಿಡಿದ. "ದೀಪಾವಳಿ ತನಕ ಸುಮ್ಮಿರು. ಆಮ್ಯಾಲ ನಾನೇ ಬಿಡ್ತೀನಿ. ಕೆಲಸ ಬಿಟ್ಟ ದಿನ ನಾ ಕುರುಡ ಆಗ್ತೀನಿ ತಮ್ಮಾ. ಅಲ್ಲೀ ತನಕ ಆಗಂಗಿಲ್ಲ."

ಆಗ ಶ್ರಾವಣ. ದೀಪಾವಳಿಗೆ ಇನ್ನೂ ಮೂರು ತಿಂಗಳು. ಆಯ್ತು ಅಂದೆ. ನನ್ನ ಮೇಲಿನ ಅವನ ಋಣ ಅಂಥದ್ದು ಎಂದು ಆಗ ಅನಿಸಿತ್ತು. ಗಾಡಿದಾರಿಯಲ್ಲಿ ನಡೆಯುವವರ ಮುಖ ನನ್ನ ಕಣ್ಣಿಗೆ ಕಟ್ಟಲಿಲ್ಲ, ಎದುರಿಗೆ ಕೂತ ಅಣ್ಣನ ಮುಖ ಮಾತ್ರ ಕಾಣುತ್ತಿತ್ತು.

ಮರುದಿನ ಬೆಳಿಗ್ಗೆ ನಾನು ಮಾಡಿದ ಮೊದಲ ಕೆಲಸ ಯಾವುದು ಗೊತ್ತೇ? ಗಣಿಗೆ ಹೋಗಲಿಲ್ಲ. ಬಜಾರಿಗೆ ಹೋದೆ. ನನ್ನದೇ ಬೋರ್ಡುಗಳ ಎದುರು ಇಪ್ಪತ್ತೈದು ಹೆಜ್ಜೆ ಎಣಿಸಿ, ತಿರುಗಿ ನಿಂತು ನೋಡಿದೆ. ಕೆಂಪು, ಹಳದಿ, ನೀಲಿ, ಬಿಳಿ ಎಲ್ಲ ಕಲಸಿ ರಂಗೋಲಿಯ ಹಾಗೆ ಕಂಡವು. ಬರೆದವನಿಗೇ ಓದಲಾಗಲಿಲ್ಲ. ದಾರಿಯಲ್ಲಿ ಹೋಗುತ್ತಿದ್ದ ಪರ ಊರಿನವನೊಬ್ಬನನ್ನು ನಿಲ್ಲಿಸಿ ಅದು ಯಾವ ಅಂಗಡಿ ಓದಿ ಎಂದೆ. ಕಣ್ಣು ಕಿರಿದು ಮಾಡಿ ನೋಡಿ, "ಛಂದ ಬರ್ದಾರ್ರಿ" ಎಂದು ಹೊರಟುಹೋದ. ನಾಲ್ಕು ವರ್ಷದಿಂದ ಗಿರಾಕಿಗಳೂ ನನಗೆ ಇದನ್ನೇ ಹೇಳುತ್ತಿದ್ದರು. ಓದಲು ಬರುತ್ತದೆ ಎಂದು ಅಣ್ಣನನ್ನು ಬಿಟ್ಟು ಯಾರೂ ಹೇಳಿರಲಿಲ್ಲ.

ನನಗೆ ಅವನ ಮೇಲೆ ಕೆಟ್ಟ ಸಿಟ್ಟು ಬಂತು. ಇದನ್ನು ಬಚ್ಚಿಡುವುದಿಲ್ಲ. ಅವನ ಕಣ್ಣಿಗಿಂತ ನನ್ನ ಅಕ್ಷರ ಹೋದದ್ದೇ ಆ ವಾರ ನನಗೆ ದೊಡ್ಡದಾಗಿತ್ತು. ಎರಡು ದಿನ ಅವನ ಜೊತೆ ಮಾತಾಡಲಿಲ್ಲ, ಪೇಪರ್ ಓದಿ ಹೇಳು ಎಂದು ಕೇಳಿದರೆ ಕೆಲಸ ಇದೆ ಎಂದು ಎದ್ದೆ. "ನಿನ್ನ ದನಿ ಛಲೋ ಅದ, ನೀ ಓದು" ಎಂದು ದಿನಾ ಕೇಳುತ್ತಿದ್ದವನು ಅವನು. ಅದನ್ನು ಪ್ರೀತಿ ಎಂದು ತಿಳಿದಿದ್ದೆ. ಹೆಗಲ ಮೇಲೆ ಕೈ ಇಟ್ಟು ನಡೆಯುತ್ತಿದ್ದದ್ದನ್ನೂ ಪ್ರೀತಿ ಎಂದೇ ತಿಳಿದಿದ್ದೆ. ಪ್ರೀತಿಯೂ ಇದ್ದೀತು, ಈಗ ಅದನ್ನು ಬೇರೆ ಮಾಡಿ ನೋಡಲು ಬರುವುದಿಲ್ಲ.

ಸಿಟ್ಟು ಇಳಿದ ಮೇಲೆ ಹೆದರಿಕೆ ಶುರುವಾಯಿತು. ಮಧ್ಯಾಹ್ನ ಒಂದರ ಸುರಂಗದ ಸದ್ದು ನಮ್ಮ ಓಣಿಗೂ ಕೇಳುತ್ತದೆ. ಅಲ್ಲಿಯವರೆಗೆ ಅದನ್ನು ಕೇಳಿ ಊಟದ ಹೊತ್ತಾಯಿತು ಎಂದುಕೊಳ್ಳುತ್ತಿದ್ದೆ. ಈಗ ಸದ್ದು ಕೇಳಿದ ಕೂಡಲೇ ಬ್ರಷ್ಷು ಕೆಳಗಿಟ್ಟು ಕೂರುತ್ತಿದ್ದೆ. ಯಾರಾದರೂ ಓಡಿ ಬರುತ್ತಾರೇನೋ ಎಂದು ದಾರಿ ನೋಡುತ್ತಿದ್ದೆ. ಸಂಜೆ ಅಣ್ಣ ಗೋಡೆ ಸವರಿಕೊಂಡು ಮನೆಯೊಳಗೆ ಬಂದು ಚಪ್ಪಲಿ ಬಿಟ್ಟ ಮೇಲೆ ಉಸಿರು ಬಿಡುತ್ತಿದ್ದೆ. ಹೀಗೆ ಹದಿನೈದು ದಿನ ಹೋದವು. ದಿನಾ ಬೆಳಿಗ್ಗೆ ಇಂದು ಗುತ್ತೇದಾರರಿಗೆ ಹೇಳಿಬಿಡಬೇಕು ಅನಿಸುತ್ತಿತ್ತು. ಹೇಳಲಿಲ್ಲ.

ಹೇಳುವ ಬದಲು ನಾನು ಇನ್ನೊಂದು ಉಪಾಯ ಕಂಡುಕೊಂಡೆ. ಗಣಿಯ ಗಾಡಿದಾರಿಯಲ್ಲಿ ಒಂದು ಎಚ್ಚರಿಕೆಯ ಬೋರ್ಡು ಇತ್ತು, ಬರೆದವನು ನಾನೇ. ಹಸಿರು ಹಲಗೆ, ಕೆಂಪು ಅಕ್ಷರ, ಎಲ್ಲ ಅಲಂಕಾರ ಸಹಿತ. ಅದನ್ನು ಸರಿಯಾಗಿ ಬರೆದರೆ ಆಯಿತಲ್ಲ ಎಂದು ಹೊಳೆಯಿತು. ಬರುವವರು ದೂರದಿಂದಲೇ ಓದಿ ನಿಲ್ಲುತ್ತಾರೆ. ಅವರು ನಿಂತರೆ ಅಣ್ಣನಿಗೆ ಕಂಡರೇನು ಬಿಟ್ಟರೇನು? ವಾಡಿಯ ಮಷೀನು ಸರಿಮಾಡಿದ ಅಹಂಕಾರ ಇನ್ನೂ ತಲೆಯಲ್ಲಿತ್ತು. ದೀಪಾವಳಿಯವರೆಗೆ ನನ್ನ ಅಕ್ಷರ ಅವನ ಕೆಲಸ ಮಾಡುತ್ತದೆ ಎಂದು ನಿಜವಾಗಿ ನಂಬಿದೆ. ಅಣ್ಣನಿಗೆ ತಿಳಿದರೆ ನೊಂದುಕೊಳ್ಳುತ್ತಾನೆ ಎಂದು, ಸೇಡಂಗೆ ಹೋಗುತ್ತೇನೆ ಎಂದು ಸುಳ್ಳು ಹೇಳಿ ಹೊರಟೆ.

ಬೆಳಿಗ್ಗೆ ಒಂಬತ್ತಕ್ಕೆ ಹಲಗೆ ಕೆರೆದು ಹಳದಿ ಬಳಿದೆ. ಬಿಸಿಲಿತ್ತು, ಬೇಗ ಒಣಗಿತು. ಅದರ ಮೇಲೆ ಬರೀ ಕಪ್ಪು. ಅಂಚಿಲ್ಲ, ನೆರಳಿಲ್ಲ, ಗೇಣುದ್ದದ ದಪ್ಪ ಅಕ್ಷರ: ಮುಂದೆ ಸುರಂಗ ಹಾರಿಸುತ್ತಾರೆ, ಒಂದು ಗಂಟೆಗೆ ಈ ಕಡೆ ಬರಬೇಡಿ. ನಾನು ಬರೆದದ್ದರಲ್ಲೆಲ್ಲ ಅದೇ ಒಳ್ಳೆಯ ಬೋರ್ಡು. ಇಪ್ಪತ್ತೈದು ಹೆಜ್ಜೆಯಿಂದ ಓದಿದೆ, ಐವತ್ತರಿಂದ ಓದಿದೆ, ನೂರರಿಂದಲೂ ಓದಿದೆ. ಅದರ ಸೊಗಸು ನೋಡುತ್ತಾ ಹೊತ್ತು ಹೋದದ್ದು ತಿಳಿಯಲಿಲ್ಲ. ಮಳೆಯ ನೀರು ಗಣಿಯಲ್ಲಿ ನಿಂತಿತ್ತೆಂದು ಅಂದು ಹೊಸದಾಗಿ ಡೀಸೆಲ್ ಪಂಪು ಹಚ್ಚಿದ್ದರು. ಅದು ಒಂದೇ ಸಮನೆ ಬಡಿದುಕೊಳ್ಳುತ್ತಿತ್ತು. ಸುರಂಗದ ಹೊತ್ತಾಯಿತೆಂದು ಕೂಲಿಯವರು ಗಣಿಯ ಆಚೆ ಬದಿಯಿಂದ ಹತ್ತಿ ಹೋದದ್ದೂ ನನಗೆ ಕೇಳಿಸಲಿಲ್ಲ.

ತಲೆಯ ಮೇಲೆ ಜಾಲಿ ಕಟ್ಟಿಗೆಯ ಹೊರೆ ಹೊತ್ತ ಒಬ್ಬ ಹೆಂಗಸು ದಾರಿಯಲ್ಲಿ ಬಂದಳು. ಒಬ್ಬಳೇ, ಬರಿಗಾಲಲ್ಲಿ. ನನ್ನ ಬೋರ್ಡಿನ ಮುಂದೆ ನಿಂತು ಹೊರೆಯ ಕೆಳಗಿನಿಂದ ಕಣ್ಣೆತ್ತಿ ನೋಡಿದಳು.

"ಭಾಳ ಛಂದ ಬರ್ದೀರಿ ನೋಡ್ರಿ," ಎಂದಳು. "ಏನಂತ ಬರ್ದೀರಿ?"

ಆ ದಾರಿಯಲ್ಲಿ ನಡೆಯುವವರು ಯಾರೆಂದು ಆಗ ನನಗೆ ತಟ್ಟಿತು. ಕಟ್ಟಿಗೆಯವರು, ಕುರಿ ಕಾಯುವವರು, ಸುಣ್ಣದ ಭಟ್ಟಿಗೆ ಕಲ್ಲು ಹೊರುವವರು. ನನ್ನ ಅಕ್ಷರ ನೂರು ಹೆಜ್ಜೆಯಿಂದ ಕಂಡರೂ ಅವರಿಗೆ ಅದು ಕಪ್ಪು ಗೀಟು. ಉತ್ತರ ಕೊಡಲು ಬಾಯಿ ತೆರೆದೆ. ಅವಳ ತಲೆಯ ಆಚೆ, ದಿಬ್ಬದ ಮೇಲೆ ಅಣ್ಣ ನಿಂತಿದ್ದ. ಮುಖ ನಮ್ಮ ಕಡೆಗೇ ಇತ್ತು. ಕೊರಳು ವಾಲಿಸಿ ಕೇಳಿಸಿಕೊಳ್ಳುತ್ತಿದ್ದ. ಸೀಟಿ ಬಾಯಿಗಿಟ್ಟ, ಪಂಪಿನ ಗದ್ದಲದಲ್ಲಿ ನನಗೆ ಅದು ಕೇಳಲಿಲ್ಲ. ಹಸಿರು ಬಾವುಟ ಎತ್ತಿದ.

"ಅಣ್ಣಾ!" ಎಂದು ಕೂಗಿದೆ. ಗಂಟಲು ಹರಿಯುವ ಹಾಗೆ ಕೂಗಿದೆ. ಅವನು ಬಾವುಟ ಎತ್ತಿಹಿಡಿದು ಹಾಗೇ ನಿಂತಿದ್ದ. ಬತ್ತಿ ಹಚ್ಚುವವನು ಗಣಿಯ ತಳದಲ್ಲಿರುತ್ತಾನೆ, ನಾವು ಅವನಿಗೆ ಕಾಣುವುದಿಲ್ಲ. ಹೆಂಗಸಿನ ಕೈ ಹಿಡಿದು ಎಳೆದೆ. ಅವಳ ಹೊರೆ ಬಿತ್ತು. ಅವಳು ಕೈ ಬಿಡಿಸಿಕೊಂಡು ಹೊರೆ ಎತ್ತಲು ಬಾಗಿದಳು. ಬೆಳಗಿನಿಂದ ಕಡಿದ ಕಟ್ಟಿಗೆ, ಬಿಟ್ಟು ಹೇಗೆ ಬಂದಾಳು? ಮತ್ತೆ ಎಳೆದೆ. ಇಪ್ಪತ್ತು ಹೆಜ್ಜೆ ಓಡಿದ್ದೆವೇನೋ, ನೆಲ ನಡುಗಿತು. ಕಲ್ಲು ಮಳೆಯಂತೆ ಬಿದ್ದವು. ನಾನು ಮುಖ ಮುಚ್ಚಿಕೊಂಡು ಮಲಗಿದೆ. ಧೂಳು ಇಳಿದಾಗ ನನಗೆ ಒಂದು ಗೀರೂ ಆಗಿರಲಿಲ್ಲ. ಅವಳ ಎಡ ಮೊಣಕಾಲ ಚಿಪ್ಪು ಒಡೆದಿತ್ತು. ಆ ಕಾಲು ಮುಂದೆ ಎಂದೂ ಮಡಚಲಿಲ್ಲ.

ಪಂಪು ನಿಲ್ಲಿಸಿದರು. ಜನ ಓಡಿ ಬಂದರು. ಅಣ್ಣ ಅವಳ ಚೀರಾಟ ಹಿಡಿದು ದಿಬ್ಬದಿಂದ ಇಳಿದು ಬಂದ, ಎರಡು ಕಡೆ ಎಡವಿದ. ಗುತ್ತೇದಾರರ ಜೀಪು ಬಂತು. ಅವರು ಕೆಳಗಿಳಿದು ಅವಳನ್ನು ನೋಡಿದರು, ಆಮೇಲೆ ಬೋರ್ಡು ನೋಡಿದರು. ಬೋರ್ಡಿಗೆ ಒಂದು ಕಲ್ಲೂ ತಾಗಿರಲಿಲ್ಲ.

"ಬಾವುಟ ಹಾರಿಸೋ ಮುಂದ ನೋಡಿದ್ದೇನು?" ಎಂದು ಅಣ್ಣನನ್ನು ಕೇಳಿದರು.

"ನೋಡಿದ್ದೆರಿ. ಯಾರೂ ಇದ್ದಿದ್ದಿಲ್ಲ."

ಗುತ್ತೇದಾರರು ನೆಲದ ಮೇಲೆ ನರಳುತ್ತಿದ್ದವಳ ಕಡೆ ತಿರುಗಿದರು. ಬೋರ್ಡಿಗೆ ಬೆರಳು ಮಾಡಿ, "ಇಷ್ಟು ದಪ್ಪ ದಪ್ಪ ಅಕ್ಷರದಾಗ ಬರ್ದದ. ಹಾದಿ ಮ್ಯಾಗಿಂದ ಕಾಣ್ತದ. ಕಣ್ಣಿಲ್ಲೇನು ನಿನಗ?" ಎಂದರು.

ಅವಳು ಬೋರ್ಡಿನ ಕಡೆ ನೋಡಿದಳು, ತಪ್ಪು ತನ್ನದೇ ಎನ್ನುವ ಹಾಗೆ. ನಾನು ಬರೆದ ಒಳ್ಳೆಯ ಅಕ್ಷರ ಅವಳ ಮೇಲೆ ಸಾಕ್ಷಿ ಹೇಳುತ್ತಿತ್ತು. ಕೂಲಿಯವರೂ ತಲೆ ಆಡಿಸುತ್ತಿದ್ದರು. ಇನ್ನೊಂದು ಗಳಿಗೆ ಸುಮ್ಮನಿದ್ದರೆ ಅಷ್ಟಕ್ಕೇ ಮುಗಿಯುತ್ತಿತ್ತು; ಅಣ್ಣನ ಕೆಲಸವೂ ಉಳಿಯುತ್ತಿತ್ತು. ಸುಮ್ಮನಿರಬೇಕು ಎಂದು ನನಗೆ ಅನಿಸಿದ್ದೂ ನಿಜ.

"ಅಕಿಗೆ ಓದಾಕ ಬರಂಗಿಲ್ರಿ," ಎಂದೆ. ದನಿ ನನ್ನದಲ್ಲ ಅನಿಸಿತು. "ನಮ್ಮ ಅಣ್ಣಗ ಕಣ್ಣು ಕಾಣಂಗಿಲ್ಲ. ನನಗ ಗೊತ್ತಿತ್ತು."

ನಾನು ಅಲ್ಲಿದ್ದೇನೆ ಎಂದು ಅಣ್ಣನಿಗೆ ಗೊತ್ತಾದದ್ದು ಆಗಲೇ. ಅವನ ಕೈಯಲ್ಲಿದ್ದ ಎರಡೂ ಬಾವುಟ ಕೆಳಗೆ ಬಿದ್ದವು. ನನ್ನ ದನಿ ಬಂದ ಕಡೆ ಮುಖ ಮಾಡಿ, "ನೀನೂ ಅಲ್ಲೇ ಇದ್ದಿ?" ಎಂದ. ಹೌದು ಅಂದೆ.

ಹೆಂಗಸನ್ನು ಜೀಪಿನಲ್ಲಿ ಮಲಗಿಸಿಕೊಂಡು ಆಸ್ಪತ್ರೆಗೆ ಹೋದರು. ಗುತ್ತೇದಾರರು ಅಣ್ಣನಿಗೆ ನಾಳೆಯಿಂದ ಬರಬೇಡ ಎಂದಷ್ಟೇ ಹೇಳಿದರು, ಬೈಯಲಿಲ್ಲ. ಇಬ್ಬರೂ ಮನೆಯ ಕಡೆ ನಡೆದೆವು. ನಾನು ಹೆಗಲು ಅವನ ಕೈಗೆ ಹತ್ತಿರ ತಂದೆ, ಅವನು ಹಿಡಿಯಲಿಲ್ಲ. ಒಂದು ಕಾಲಿನಿಂದ ದಾರಿಯ ಅಂಚು ತಡವುತ್ತಾ ನಡೆದ. ನಾನು ಕ್ಷಮಿಸು ಅಂದೆ, ಮಾತು ಮುರಿದೆ ಅಂದೆ, ದೀಪಾವಳಿ ತನಕ ಸುಮ್ಮನಿರುತ್ತೇನೆ ಅಂದಿದ್ದೆನಲ್ಲ ಅಂದೆ. ಬಹಳ ದೂರ ಬಂದ ಮೇಲೆ, ನಮ್ಮ ಓಣಿಯ ತಿರುವಿನಲ್ಲಿ ಅವನು ನಿಂತ.

"ಹದಿನೈದು ದಿನ ಮದಲೇ ಮುರೀಬೇಕಿತ್ತು," ಎಂದ. "ನಾ ಎಷ್ಟು ಬ್ಯಾಡಂದ್ರೂ ಹೇಳಬೇಕಿತ್ತು ನೀ. ನಿನಗ ಕಣ್ಣಿದ್ವಲ್ಲ."